ನೆಲಮಾಳಿಗೆಯ ನಕ್ಷತ್ರಗಳು

ಟೋಕಿಯೊದ ಷಿಂಜುಕು, ಷಿಬುಯಾ, ಅಕಿಹಬಾರಾ ಬಡಾವಣೆಗಳಲ್ಲಿ ಸಂಜೆಯ ಹೊತ್ತು ನಡೆದು ಹೋಗುವವರಿಗೆ ಅಂಗಡಿ ಸಾಲಿನ ನಡುವೆ ನೆಲದೊಳಕ್ಕೆ ಇಳಿಯುವ ಇಕ್ಕಟ್ಟಾದ ಮೆಟ್ಟಿಲುಗಳು ಕಾಣಸಿಗುತ್ತವೆ. ಗೋಡೆಯ ತುಂಬ ಭಿತ್ತಿಪತ್ರಗಳು. ಇಳಿದರೆ ಬಾಗಿಲಲ್ಲಿ ಒಂದು ಮೇಜು. ಟಿಕೆಟಿನ ಹಣದ ಜತೆಗೆ ಐನೂರೋ ಆರುನೂರೋ ಯೆನ್‌ಗಳನ್ನು ಪಾನೀಯಕ್ಕೆಂದು ಬೇರೆಯಾಗಿ ಕೊಡಬೇಕು. ಇಂಥ ಸಭಾಂಗಣಗಳು ಹೆಚ್ಚಾಗಿ ಉಪಾಹಾರ ಗೃಹದ ಪರವಾನಗಿಯ ಮೇಲೆ ನಡೆಯುವುದರಿಂದ ಈ ಪದ್ಧತಿ. ಹಣ ತೆಗೆದುಕೊಂಡವನು ಒಂದು ಪ್ರಶ್ನೆ ಕೇಳುತ್ತಾನೆ: 'ಇವತ್ತು ಯಾರನ್ನು ನೋಡಲು ಬಂದಿರಿ?' ಇದು ಉಪಚಾರದ ಮಾತಲ್ಲ. ಅಂದು ಅಲ್ಲಿ ಹಾಡುವ ತಂಡಗಳು ಹಲವು. ಯಾವ ತಂಡದ ಹೆಸರು ಹೇಳಿಕೊಂಡು ಎಷ್ಟು ಜನ ಬಂದರು ಎಂಬ ಲೆಕ್ಕದ ಮೇಲೆ ಆಯಾ ತಂಡದ ಪಾಲಿನ ಹಣ ನಿಂತಿರುತ್ತದೆ.

ಒಳಗೆ ಕಪ್ಪು ಬಣ್ಣದ ಗೋಡೆ, ತಲೆಗೆ ತಾಗುವಂಥ ಚಾವಣಿ. ನೂರು ಜನ ಸೇರಿದರೆ ದೊಡ್ಡ ಮಾತು. ಜಾಲರಿ ಅಂಚಿನ ಉಡುಪು ತೊಟ್ಟ ನಾಲ್ಕೈದು ಹುಡುಗಿಯರು ವೇದಿಕೆಗೆ ಬಂದೊಡನೆ ಕೆಳಗೆ ಬಣ್ಣದ ದೀಪದ ಕೋಲುಗಳು ಮೇಲೇಳುತ್ತವೆ. ಒಬ್ಬೊಬ್ಬ ಹುಡುಗಿಗೆ ಒಂದೊಂದು ಬಣ್ಣ. ಕೋಲಿನ ಬಣ್ಣ ನೋಡಿದರೆ ಹಿಡಿದವನು ಯಾರ ಅಭಿಮಾನಿ ಎಂದು ತಿಳಿಯುತ್ತದೆ. ಹಾಡಿನ ನಡುನಡುವೆ ಎಲ್ಲಿ ಕೂಗಬೇಕು, ಎಲ್ಲಿ ಕೈ ಬೀಸಬೇಕು, ಎಲ್ಲಿ ಸುಮ್ಮನಿರಬೇಕು ಎಂಬುದಕ್ಕೆಲ್ಲ ಕಟ್ಟುಪಾಡಿದೆ. ಇಪ್ಪತ್ತು ನಿಮಿಷಕ್ಕೆ ಆಟ ಮುಗಿದು ಇನ್ನೊಂದು ತಂಡ ಬರುತ್ತದೆ. ಆದರೆ ಅಭಿಮಾನಿ ಕಾಯುತ್ತಿರುವುದು ಹಾಡು ಮುಗಿದ ಮೇಲಿನ ಇನ್ನೊಂದು ಘಳಿಗೆಗಾಗಿ. ಸಭಾಂಗಣದ ಹಿಂಭಾಗದಲ್ಲಿ ಉದ್ದನೆಯ ಮೇಜು ಹಾಕುತ್ತಾರೆ, ಸರದಿಯ ಸಾಲು ಬೆಳೆಯುತ್ತದೆ. ಸಾವಿರದಿಂದ ಎರಡು ಸಾವಿರ ಯೆನ್ ಕೊಟ್ಟರೆ ತನ್ನ ಮೆಚ್ಚಿನ ಹುಡುಗಿಯ ಪಕ್ಕದಲ್ಲಿ ನಿಂತು ಒಂದು ಫೋಟೊ, ಆಮೇಲೆ ಒಂದು ನಿಮಿಷದ ಮಾತು. ಕ್ಯಾಮೆರಾದಿಂದಲೇ ಹೊರಬರುವ ಆ ಅಂಗೈಯಗಲದ ಫೋಟೊದ ಮೇಲೆ ಆಕೆ ಅವನ ಹೆಸರು ಬರೆದು ಸಹಿ ಹಾಕುತ್ತಾಳೆ.

ಈ ಫೋಟೊವನ್ನು 'ಚೆಕಿ' ಎನ್ನುತ್ತಾರೆ. 1998ರಲ್ಲಿ ಫ್ಯೂಜಿಫಿಲ್ಮ್ ಸಂಸ್ಥೆ ಮಾರುಕಟ್ಟೆಗೆ ತಂದ ಪುಟ್ಟ ಕ್ಯಾಮೆರಾದ ಹೆಸರೇ ಫೋಟೊಗೂ ಅಂಟಿಕೊಂಡಿತು. ನಿಮಿಷ ಮುಗಿದೊಡನೆ ಭುಜ ಮುಟ್ಟಿ 'ಸಮಯವಾಯಿತು' ಎನ್ನುವ ಸಿಬ್ಬಂದಿಗೂ ಒಂದು ಹೆಸರಿದೆ: 'ಹಗಾಷಿ'. ಅಂಟಿಸಿದ ಚೀಟಿಯನ್ನು ಕಿತ್ತು ತೆಗೆಯುವಂತೆ ಅಭಿಮಾನಿಯನ್ನು ಕಿತ್ತು ತೆಗೆಯುವವನು ಎಂದರ್ಥ.

ಈ ಹುಡುಗಿಯರನ್ನು ಜಪಾನೀಯರು 'ಚಿಕಾ ಐದೊರು' ಎಂದು ಕರೆಯುತ್ತಾರೆ. ಚಿಕಾ ಎಂದರೆ ನೆಲದಡಿ. ಐದೊರು ಎಂಬುದು ಇಂಗ್ಲಿಷಿನ ಐಡಲ್. ಭೂಗತ ಎಂದೊಡನೆ ಕನ್ನಡ ಪತ್ರಿಕೆಯ ಓದುಗರಿಗೆ ಮಚ್ಚು-ಲಾಂಗುಗಳ ಲೋಕ ನೆನಪಾದೀತು, ಇಲ್ಲಿ ಹಾಗೇನಿಲ್ಲ. ಹಾಡುವ ಜಾಗ ನೆಲಮಾಳಿಗೆಯಲ್ಲಿದೆ ಎಂಬುದು ಒಂದು ಅರ್ಥವಾದರೆ, ಟೆಲಿವಿಷನ್ ಪರದೆಯ ಮೇಲಕ್ಕೆ ಬಾರದೆ ಉಳಿದವರು ಎಂಬುದು ಇನ್ನೊಂದು. ಮುಜುಗರ ತಪ್ಪಿಸಲೋ ಏನೋ, ಈಚಿನ ವರ್ಷಗಳಲ್ಲಿ 'ಲೈವ್ ಐಡಲ್' ಎಂಬ ಹೆಸರೂ ಬಳಕೆಗೆ ಬಂದಿದೆ.

ಚಹಾದಂಗಡಿಯ ಒಸೆನ್

ಎದುರಿಗೆ ಹೋಗಿ ನೋಡಬಹುದಾದ ಚೆಲುವೆಗಾಗಿ ಜನ ಮುಗಿಬೀಳುವುದು ಜಪಾನಿನಲ್ಲಿ ಹೊಸದಲ್ಲ. 1760ರ ದಶಕದ ಕೊನೆಯಲ್ಲಿ ಎದೊ ನಗರದ, ಎಂದರೆ ಇಂದಿನ ಟೋಕಿಯೊದ, ಯನಾಕಾ ಪ್ರದೇಶದಲ್ಲಿ ಒಂದು ಗುಡಿಯ ಬಳಿ ಒಸೆನ್ ಎಂಬ ಹುಡುಗಿ ಚಹಾ ಕೊಡುತ್ತಿದ್ದಳು. ಚಿತ್ರಕಾರ ಸುಜುಕಿ ಹರುನೊಬು ಆಕೆಯನ್ನು ಬಣ್ಣದ ಅಚ್ಚುಚಿತ್ರಗಳಲ್ಲಿ ಮೂಡಿಸಿದ. ಚಿತ್ರ ನೋಡಿದವರು ಹುಡುಗಿಯನ್ನು ನೋಡಲು ಬಂದರು. ಆಕೆಯ ಚಿತ್ರವಿದ್ದ ಕೈವಸ್ತ್ರ, ಗೊಂಬೆಗಳೂ ಮಾರಾಟವಾದವು. 1770ರಲ್ಲಿ ಒಸೆನ್ ಇದ್ದಕ್ಕಿದ್ದಂತೆ ಅಂಗಡಿಯಿಂದ ಕಾಣೆಯಾದಳು. ಮದುವೆಯಾಗಿ ಹೋಗಿದ್ದಳು, ಅಷ್ಟೆ. ಬಂದವರಿಗೆ ಕಂಡದ್ದು ಆಕೆಯ ಬೋಳು ತಲೆಯ ತಂದೆ. ಚಹಾದ ಪಾತ್ರೆ ಹೋಗಿ ಹೊಳೆಯುವ ಬೋಳು ಕೆಟಲ್ ಬಂತಲ್ಲ ಎಂದು ಊರೆಲ್ಲ ನಗೆಯಾಡಿತಂತೆ.

ಮೇಜಿ ಕಾಲದ ಕೊನೆಯ ದಶಕಗಳಲ್ಲಿ, ಸುಮಾರು 1890ರ ಸುಮಾರಿಗೆ, ಹಳೆಯ ಕಥನಗಾಯನವಾದ ಗಿದಾಯು ಹಾಡುವ ಯುವತಿಯರು ಇಂಥದೇ ಹುಚ್ಚು ಹಿಡಿಸಿದ್ದರು. ಕಾಲೇಜು ವಿದ್ಯಾರ್ಥಿಗಳು ಗುಂಪುಗೂಡಿ ಬಂದು, ಹಾಡು ತಾರಕಕ್ಕೇರಿದಾಗ 'ಏನು ಮಾಡಲಿ, ಏನು ಮಾಡಲಿ' ಎಂಬರ್ಥದ 'ದೋ ಸುರು' ಎಂದು ಕೂಗುತ್ತಿದ್ದರು. ಅದಕ್ಕೇ ಅವರಿಗೆ 'ದೋಸುರು ಬಳಗ' ಎಂದು ಹೆಸರು ಬಿತ್ತು. ಹಾಡು ಮುಗಿದ ಮೇಲೆ ಗಾಯಕಿಯ ರಿಕ್ಷಾದ ಹಿಂದೆ ಓಡುವುದೂ ಇತ್ತು. ಇಂದಿನ ನೆಲಮಾಳಿಗೆಯ ಕೂಗಿಗೆ ಮುತ್ತಜ್ಜನಿದ್ದರೆ ಅದು ಇದೇ.

'ಐಡಲ್' ಎಂಬ ಮಾತು ಮಾತ್ರ ತೀರ ಈಚಿನದು. 1963ರ ಒಂದು ಫ್ರೆಂಚ್ ಚಿತ್ರ ಮರು ವರ್ಷ 'ಐಡಲನ್ನು ಹುಡುಕಿ' ಎಂಬರ್ಥದ ಹೆಸರಿನಲ್ಲಿ ಜಪಾನಿನಲ್ಲಿ ತೆರೆಕಂಡಿತು. ಅದರಲ್ಲಿ ಹಾಡಿದ ಸಿಲ್ವಿ ವಾರ್ತಾನ್ ಮನೆಮಾತಾದಳು, ಪದವೂ ಉಳಿಯಿತು. ವಿಗ್ರಹ ಎಂಬ ಮೂಲದ ಅರ್ಥ ಜಪಾನೀಯರ ಕಿವಿಗೆ ಅಷ್ಟಾಗಿ ಕೇಳಿಸುವುದಿಲ್ಲ. ಅವರ ಐಡಲ್ ಕಲ್ಲಿನಂತೆ ಪೂರ್ಣವಾದವಳಲ್ಲ. ಕಣ್ಣೆದುರೇ ತಪ್ಪುತ್ತ, ಕಲಿಯುತ್ತ, ಬೆಳೆಯುವವಳು. 1971ರಲ್ಲಿ ಆರಂಭವಾದ ಟೆಲಿವಿಷನ್ ಸ್ಪರ್ಧೆಯೊಂದು ಹೊಸ ಹುಡುಗಿಯರನ್ನು ಆರಿಸುವುದನ್ನೇ ಮನೆಮಂದಿಯ ಮನರಂಜನೆಯಾಗಿಸಿತು. ಅಲ್ಲಿಂದ ಬಂದ ಯಮಾಗುಚಿ ಮೊಮೊಯೆ ಹದಿನಾಲ್ಕನೆಯ ವಯಸ್ಸಿನಲ್ಲಿ ಹಾಡಲಾರಂಭಿಸಿ, ಇಪ್ಪತ್ತೊಂದಕ್ಕೆ, 1980ರಲ್ಲಿ, ಬುದೊಕಾನ್ ಸಭಾಂಗಣದ ವೇದಿಕೆಯ ಮೇಲೆ ಮೈಕನ್ನು ಇಟ್ಟು ಸಂಸಾರಕ್ಕೆ ಹೊರಟುಹೋದಳು. ಒಸೆನ್ ಹೋದ ದಾರಿಯೇ.

ಎಂಬತ್ತರ ದಶಕ ಮುಗಿಯುವ ಹೊತ್ತಿಗೆ ಹಾಡಿನ ದೊಡ್ಡ ಟೆಲಿವಿಷನ್ ಕಾರ್ಯಕ್ರಮಗಳು ಒಂದೊಂದಾಗಿ ನಿಂತವು. ಜಪಾನಿನವರು ಆ ಕಾಲವನ್ನು 'ಐಡಲ್‌ಗಳ ಚಳಿಗಾಲ' ಎನ್ನುತ್ತಾರೆ. ಹಾಡಬೇಕೆಂಬ ಹುಡುಗಿಯರು ಇದ್ದರು, ನೋಡಬೇಕೆಂಬ ಜನರೂ ಇದ್ದರು, ನಡುವಿನ ಪರದೆ ಮಾತ್ರ ಇಲ್ಲವಾಗಿತ್ತು. ಇಬ್ಬರೂ ಮೆಟ್ಟಿಲಿಳಿದು ನೆಲಮಾಳಿಗೆಗೆ ಬಂದರು. ಬಡತನಕ್ಕೆ ಹುಟ್ಟಿದ ಈ ಏರ್ಪಾಡೇ ಮುಂದೆ ಇಡೀ ಉದ್ಯಮಕ್ಕೆ ಮಾದರಿಯಾದದ್ದು ವಿಚಿತ್ರ. 2005ರ ಡಿಸೆಂಬರ್ 8ರಂದು ಅಕಿಹಬಾರಾದ ಅಂಗಡಿ ಕಟ್ಟಡವೊಂದರ ಎಂಟನೆಯ ಮಹಡಿಯಲ್ಲಿ ಗೀತರಚನಕಾರ ಅಕಿಮೊತೊ ಯಸುಷಿ ಎಕೆಬಿ 48 ತಂಡದ ರಂಗಮಂದಿರ ತೆರೆದಾಗ, ಟಿಕೆಟ್ ಕೊಂಡು ಬಂದ ಸಾಮಾನ್ಯ ಪ್ರೇಕ್ಷಕರು ಏಳೇ ಜನ. 'ಹೋಗಿ ಭೇಟಿಯಾಗಬಹುದಾದ ಐಡಲ್' ಎಂಬ ಅದರ ಘೋಷಣೆ ನೆಲಮಾಳಿಗೆಯಲ್ಲಿ ಆಗಲೇ ನಡೆಯುತ್ತಿದ್ದುದರ ದೊಡ್ಡ ರೂಪವಷ್ಟೆ. ಸಿ.ಡಿ.ಯೊಳಗೆ ಕೈಕುಲುಕುವ ಚೀಟಿ ಇಟ್ಟರು. ಒಬ್ಬೊಬ್ಬರು ಒಂದೇ ಸಿ.ಡಿ.ಯ ನೂರಾರು ಪ್ರತಿ ಕೊಂಡರು. ಇನ್ನೊಂದು ತಂಡ ಮೊಮೊಯಿರೊ ಕ್ಲೋವರ್ 2008ರಲ್ಲಿ ಯೊಯೊಗಿ ಉದ್ಯಾನದ ಬೀದಿಬದಿಯಲ್ಲಿ ಹಾಡಲು ಆರಂಭಿಸಿ 2014ರಲ್ಲಿ ರಾಷ್ಟ್ರೀಯ ಕ್ರೀಡಾಂಗಣವನ್ನು ತುಂಬಿತು. ನೆಲಮಾಳಿಗೆಯ ಪ್ರತಿ ಹುಡುಗಿಯ ಕಣ್ಣ ಮುಂದಿರುವ ಕಥೆ ಅದು. ಅಂಥ ಭಾಗ್ಯ ಲಾಟರಿಯಷ್ಟೇ ವಿರಳ.

ಮಾರಾಟಕ್ಕಿರುವುದೇನು?

ಹಾಡನ್ನು ಮನೆಯಲ್ಲಿ ಕುಳಿತು ಕೇಳಬಹುದು. ಹಾಗಿದ್ದೂ ವಾರಕ್ಕೆ ನಾಲ್ಕು ದಿನ ನೆಲಮಾಳಿಗೆಗೆ ಬರುವವರಿದ್ದಾರೆ. ಅವರ ಮಾತಿನಲ್ಲಿ ಇದಕ್ಕೆ ಉತ್ತರ ಸಿಗುತ್ತದೆ. ತಾನು ಬೆಂಬಲಿಸುವ ಹುಡುಗಿ 'ಒಷಿ'. ಮುಂದಕ್ಕೆ ತಳ್ಳು, ನಾಲ್ಕು ಜನರಿಗೆ ಶಿಫಾರಸು ಮಾಡು ಎಂಬರ್ಥದ ಕ್ರಿಯಾಪದದಿಂದ ಬಂದ ಮಾತು. ಸಭಾಂಗಣಕ್ಕೆ 'ಗೆಂಬಾ' ಎನ್ನುತ್ತಾರೆ. ಕಟ್ಟಡದ ಕೆಲಸಗಾರ ತನ್ನ ಕೆಲಸದ ಜಾಗಕ್ಕೆ ಹೇಳುವ ಪದವೇ ಇದು. ಎಲ್ಲಕ್ಕಿಂತ ಅಮೂಲ್ಯವಾದದ್ದು 'ನಿಂಚಿ', ಎಂದರೆ ಗುರುತು. ನೂರು ಮುಖಗಳ ನಡುವೆ ಆಕೆ ತನ್ನನ್ನು ಗುರುತು ಹಿಡಿದು ಹೆಸರಿನಿಂದ ಕರೆದಳು, ಕಳೆದ ವಾರದ ಮಾತನ್ನು ನೆನಪಿಟ್ಟು ಕೇಳಿದಳು. ಇಷ್ಟೇ. ದಿನವಿಡೀ ಕಚೇರಿಯಲ್ಲೋ ಕಾರ್ಖಾನೆಯಲ್ಲೋ ಯಾರ ನೆನಪಿಗೂ ಬಾರದೆ ದುಡಿದವನಿಗೆ ಈ ಗುರುತಿನ ಬೆಲೆ ಸಾವಿರ ಯೆನ್ ಎಂದರೆ ದುಬಾರಿಯೇನಲ್ಲ.

ಆದರೆ ಗುರುತಿಸುವ ಕೆಲಸ ಮಾಡಬೇಕಾದವಳು ಹದಿನೆಂಟೋ ಇಪ್ಪತ್ತೋ ವರ್ಷದ ಹುಡುಗಿ. ಕುಣಿದು ದಣಿದ ಮೇಲೆ ಎರಡು ಗಂಟೆ ಕಾಲ ನಗುತ್ತ ನಿಂತು, ಯಾರ ನಾಯಿಗೆ ಕಾಯಿಲೆ, ಯಾರಿಗೆ ವರ್ಗವಾಯಿತು ಎಂದು ನೆನಪಿಟ್ಟುಕೊಳ್ಳಬೇಕು. ಅನೇಕ ತಂಡಗಳಲ್ಲಿ ಹುಡುಗಿಯ ಕೈಗೆ ಸಿಗುವುದು ಆಕೆಯ ಚೆಕಿಗಳ ಮಾರಾಟದ ಒಂದು ಪಾಲು ಮಾತ್ರ. ಟಿಕೆಟ್ ಮಾರುವ ಹೊಣೆಯೂ ಕೆಲವೆಡೆ ಅವರ ತಲೆಗೇ ಕಟ್ಟಿರುತ್ತದೆ. ಹಗಲು ಬೇರೆ ಅಂಗಡಿಗಳಲ್ಲಿ ದುಡಿಯುವವರು ಬಹಳ. ಸ್ವತಃ ನೆಲಮಾಳಿಗೆಯಲ್ಲಿ ವರ್ಷಗಳ ಕಾಲ ಹಾಡಿದ ಹಿಮೆನೊ ತಮಾ ಎಂಬಾಕೆ 2015ರಲ್ಲಿ, ಮತ್ತೆ 2017ರಲ್ಲಿ ಈ ಬದುಕಿನ ಬಗ್ಗೆ ಪುಸ್ತಕಗಳನ್ನೇ ಬರೆದಳು. ಎರಡನೆಯದರ ಶೀರ್ಷಿಕೆಯಲ್ಲಿ 'ವೃತ್ತಿ' ಎಂಬ ಪದವಿದೆ. ಹೊರಗಿನವರು ಹುಚ್ಚಾಟ ಎಂದು ನಗುವುದನ್ನು ಆಕೆ ಒಂದು ಕೆಲಸವೆಂದು ನೋಡಿದಳು.

ಈ ಕೆಲಸಕ್ಕೆ ಬರೆಯದ ಕರಾರೊಂದಿದೆ. ಎಷ್ಟೋ ಸಲ ಬರೆದ ಕರಾರೂ ಹೌದು. ಐಡಲ್ ಆದವಳು ಪ್ರೀತಿಸಕೂಡದು. 2013ರ ಜನವರಿಯಲ್ಲಿ ಎಕೆಬಿ 48ರ ಮಿನೆಗಿಷಿ ಮಿನಾಮಿ ಒಬ್ಬ ಯುವಕನ ಮನೆಯಲ್ಲಿ ರಾತ್ರಿ ಕಳೆದಳೆಂದು ವಾರಪತ್ರಿಕೆಯೊಂದು ಬರೆದಾಗ, ಇಪ್ಪತ್ತು ವರ್ಷದ ಆ ಯುವತಿ ತಲೆ ಬೋಳಿಸಿಕೊಂಡು ಕ್ಯಾಮೆರಾದ ಮುಂದೆ ಅಳುತ್ತ ಕ್ಷಮೆ ಕೇಳಿದಳು. ಆ ದೃಶ್ಯ ಪ್ರಪಂಚವನ್ನೆಲ್ಲ ಸುತ್ತಿತು. 2015ರ ಸೆಪ್ಟೆಂಬರಿನಲ್ಲಿ ಟೋಕಿಯೊದ ಜಿಲ್ಲಾ ನ್ಯಾಯಾಲಯ, ಕರಾರು ಮುರಿದು ಅಭಿಮಾನಿಗಳೊಡನೆ ಬೆರೆತಳೆಂದು, ಹದಿನೇಳು ವರ್ಷದ ಮಾಜಿ ಐಡಲ್ ಒಬ್ಬಳಿಗೆ 6.5 ಲಕ್ಷ ಯೆನ್ ಪರಿಹಾರ ಕೊಡಲು ಹೇಳಿತು. ಗಂಡಸರ ಬೆಂಬಲ ಉಳಿಸಿಕೊಳ್ಳಲು ಇಂಥ ನಿಷೇಧ ಬೇಕು ಎಂಬುದು ಆಗಿನ ವಾದ. ನಾಲ್ಕೇ ತಿಂಗಳ ಬಳಿಕ, 2016ರ ಜನವರಿಯಲ್ಲಿ, ಅದೇ ನ್ಯಾಯಾಲಯದ ಇನ್ನೊಬ್ಬ ನ್ಯಾಯಾಧೀಶರು ಅಂಥದೇ ಇನ್ನೊಂದು ದಾವೆಯನ್ನು ತಳ್ಳಿಹಾಕಿದರು. ಪ್ರೀತಿಸುವುದು ಸುಖವನ್ನು ಅರಸುವ ಹಕ್ಕಿನ ಭಾಗ ಎಂದರು. ಒಂದೇ ನ್ಯಾಯಾಲಯದಿಂದ ಎರಡು ತೀರ್ಪು! ಜಪಾನಿನ ಸಮಾಜದ ಮನಸ್ಸೂ ಹಾಗೇ ಎರಡಾಗಿ ನಿಂತಿತ್ತು.

ಅಂಗೈಯ ಮೇಲಿನ ಹುಡುಗಿ

ಮಕ್ಕಳ ಕಾರ್ಟೂನುಗಳಲ್ಲಿ ಐಡಲ್ ಎಂದರೆ ಶ್ರಮ, ಗೆಳೆತನ, ಗೆಲುವು. ದೊಡ್ಡವರಿಗೆಂದು ಬರೆದ ಕಥೆಗಳು ಮೇಜಿನ ಆಚೀಚೆ ನಿಂತ ಆ ಇಬ್ಬರ ಕಡೆಗೆ ನೋಡುತ್ತವೆ. ಇವುಗಳಲ್ಲಿ ಮೊದಲು ಹೇಳಬೇಕಾದದ್ದು 'ಪರ್ಫೆಕ್ಟ್ ಬ್ಲೂ'. 1991ರಲ್ಲಿ ತಕೆಉಚಿ ಯೊಷಿಕಜು ಬರೆದ ಕಾದಂಬರಿ ಅದು. 1997ರಲ್ಲಿ ಕೊನ್ ಸತೊಷಿ ಅದನ್ನು ಚಿತ್ರವಾಗಿಸಿದ. ಐಡಲ್, ಭೀತಿ, ಬೆನ್ನಟ್ಟುವ ಅಭಿಮಾನಿ ಈ ಮೂರನ್ನು ಉಳಿಸಿಕೊಂಡರೆ ಉಳಿದದ್ದನ್ನು ಹೇಗೆ ಬೇಕಾದರೂ ಬದಲಿಸಬಹುದೆಂಬ ಸ್ವಾತಂತ್ರ್ಯ ಅವನಿಗೆ ಸಿಕ್ಕಿತ್ತು. ಅವನು ಅದನ್ನು ಪೂರ್ತಿ ಬಳಸಿಕೊಂಡ.

ಮೂವರು ಹುಡುಗಿಯರ ಸಣ್ಣ ತಂಡವೊಂದರಲ್ಲಿ ಹಾಡುವ ಮಿಮಾ, ತಂಡ ಬಿಟ್ಟು ನಟಿಯಾಗಲು ಹೊರಡುತ್ತಾಳೆ. ಕೊನೆಯ ಹಾಡಿನ ಹೊತ್ತಿಗೆ ಪ್ರೇಕ್ಷಕರ ನಡುವೆ ನಿಂತ ಒಬ್ಬ ಅಭಿಮಾನಿ ತನ್ನ ಅಂಗೈಯನ್ನು ಕಣ್ಣಿಗೆ ನೇರವಾಗಿ ಚಾಚುತ್ತಾನೆ. ದೂರದಲ್ಲಿ ಕುಣಿಯುವ ಮಿಮಾ ಅವನ ಅಂಗೈಯ ಮೇಲೇ ಕುಣಿಯುವ ಗೊಂಬೆಯಂತೆ ಕಾಣುತ್ತಾಳೆ. ಇಡೀ ಚಿತ್ರದ ತಿರುಳು ಆ ಒಂದು ದೃಶ್ಯದಲ್ಲಿದೆ. ಮುಂದೆ ಆಕೆಯ ಹೆಸರಿನಲ್ಲಿ ಯಾರೋ ಅಂತರ್ಜಾಲದಲ್ಲಿ ದಿನಚರಿ ಬರೆಯತೊಡಗುತ್ತಾರೆ. ಏನು ಕೊಂಡಳು, ರೈಲಿನಿಂದ ಇಳಿಯುವಾಗ ಯಾವ ಕಾಲನ್ನು ಮೊದಲು ಇಡುತ್ತಾಳೆ ಎಂಬುದೂ ಅದರಲ್ಲಿದೆ. ಮೊದಲು ನಗುವ ಮಿಮಾ ಆಮೇಲೆ ನಡುಗುತ್ತಾಳೆ. ನಟಿಯಾದ ಆಕೆಗೆ ಬಲಾತ್ಕಾರದ ದೃಶ್ಯವೊಂದರಲ್ಲಿ ಅಭಿನಯಿಸಬೇಕಾಗುತ್ತದೆ. ಚಿತ್ರೀಕರಣದ ಬಿಡುವಿನಲ್ಲಿ ಸಹನಟ ಮೆಲ್ಲಗೆ ಕ್ಷಮೆ ಕೇಳುತ್ತಾನೆ. ಎಲ್ಲರೂ ಸಭ್ಯರೇ, ಎಲ್ಲವೂ ಆಕೆಯ ಒಪ್ಪಿಗೆಯಿಂದಲೇ. ಮನೆಗೆ ಬಂದು ಒಬ್ಬಳೇ ಆದಾಗ ಆಕೆ ಕುಸಿಯುತ್ತಾಳೆ. ಒಪ್ಪಿಗೆ ಎಂಬ ಮಾತಿನೊಳಗೆ ಎಷ್ಟು ಒತ್ತಾಯ ಅಡಗಿರಬಲ್ಲದು ಎಂಬುದನ್ನು ಇಷ್ಟು ನಿಷ್ಠುರವಾಗಿ ತೋರಿಸಿದ ಚಿತ್ರಗಳು ಕಡಿಮೆ. ಕಥೆಯ ಅಸಲಿ ಅಪಾಯ ಅಭಿಮಾನಿಯಿಂದ ಬರುವುದಿಲ್ಲ. ಅದು ಎಲ್ಲಿಂದ ಬರುತ್ತದೆ ಎಂಬುದನ್ನು ನೋಡದವರಿಗಾಗಿ ಇಲ್ಲಿ ಹೇಳದಿರುವುದೇ ಲೇಸು.

ಇದೇ ಮಾತನ್ನು ತಿರುಗಿಸಿ ಹಣ ಮಾಡುವ ಇನ್ನೊಂದು ಬಗೆಯ ಸಾಹಿತ್ಯವೂ ಇದೆ. ಜಪಾನಿನ ಪುಸ್ತಕದಂಗಡಿಗಳಲ್ಲಿ 'ವಯಸ್ಕರಿಗೆ ಮಾತ್ರ' ಎಂಬ ಗುರುತಿನ ಕಾಮಿಕ್ಸ್‌ಗಳಿಗೆ ಬೇರೆಯೇ ಕಪಾಟು. ಅಲ್ಲಿ ಐಡಲ್ ಹಳೆಯ ಪರಿಚಿತ ಪಾತ್ರ. ಸೂತ್ರವೂ ಹಳೆಯದೇ: ಅವಕಾಶದ ಆಸೆ ತೋರಿಸುವ ಸಂಸ್ಥೆಯ ಯಜಮಾನ, ಗುಟ್ಟು ತಿಳಿದು ಬೆದರಿಸುವ ಅಭಿಮಾನಿ, ಬೇರೆ ದಾರಿಯಿಲ್ಲದ ಹುಡುಗಿ. ಮೇಲಿನ ವೇದಿಕೆ ಆಕೆ ಯಾರ ಸೊತ್ತೂ ಅಲ್ಲದ ಕನ್ಯೆ ಎನ್ನುತ್ತದೆ. ಈ ಕಥೆಗಳು ಆಕೆ ಹಣ ಕೊಟ್ಟವನ ಸೊತ್ತು ಎನ್ನುತ್ತವೆ. ಪರಸ್ಪರ ವಿರುದ್ಧವೆಂದು ಕಂಡರೂ ಎರಡೂ ಆಕೆಯ ಮನಸ್ಸನ್ನು ಕೇಳುವ ಗೋಜಿಗೆ ಹೋಗುವುದಿಲ್ಲ. ಕಾಗದದ ಮೇಲಿನ ಕಲ್ಪನೆಗೆ ಯಾಕಿಷ್ಟು ಆಕ್ಷೇಪ ಎನ್ನುವವರಿರಬಹುದು. ಆದರೆ ಸೂತ್ರ ಕಾಗದದ ಮೇಲಷ್ಟೇ ಇರಲಿಲ್ಲ. 2016ರ ಮಾರ್ಚಿಯಲ್ಲಿ ಹ್ಯೂಮನ್ ರೈಟ್ಸ್ ನೌ ಎಂಬ ಟೋಕಿಯೊದ ಸಂಸ್ಥೆ ಪ್ರಕಟಿಸಿದ ವರದಿ, ರೂಪದರ್ಶಿಯಾಗಬಹುದು, ತಾರೆಯಾಗಬಹುದು ಎಂದು ನಂಬಿಸಿ ಸಹಿ ಹಾಕಿಸಿಕೊಂಡು, ಬಳಿಕ ದಂಡದ ಬೆದರಿಕೆಯೊಡ್ಡಿ ಯುವತಿಯರನ್ನು ಅಶ್ಲೀಲ ವಿಡಿಯೊಗಳಿಗೆ ದೂಡಿದ ಪ್ರಕರಣಗಳನ್ನು ಬಯಲಿಗೆ ತಂದಿತು. 2022ರಲ್ಲಿ ವಯಸ್ಕರೆನಿಸುವ ವಯಸ್ಸು ಇಪ್ಪತ್ತರಿಂದ ಹದಿನೆಂಟಕ್ಕೆ ಇಳಿದಾಗ ಆತಂಕ ಇನ್ನೂ ಹೆಚ್ಚಿತು. ಅದೇ ವರ್ಷದ ಜೂನ್‌ನಲ್ಲಿ ಬಂದ ಕಾನೂನಿನಂತೆ, ಇಂಥ ವಿಡಿಯೊಗಳಿಗೆ ಸಹಿ ಹಾಕಿದ ಮೇಲೆ ಒಂದು ತಿಂಗಳು ಚಿತ್ರೀಕರಣ ಮಾಡುವಂತಿಲ್ಲ, ಚಿತ್ರೀಕರಣದ ಬಳಿಕ ನಾಲ್ಕು ತಿಂಗಳು ಬಿಡುಗಡೆ ಮಾಡುವಂತಿಲ್ಲ. ಬಿಡುಗಡೆಯಾದ ಮೇಲೂ ಒಂದು ವರ್ಷದೊಳಗೆ ಆಕೆ ಯಾವ ಕಾರಣವನ್ನೂ ಕೊಡದೆ ಕರಾರು ರದ್ದು ಮಾಡಬಹುದು.

ಗಂಭೀರ ಕಾದಂಬರಿಕಾರರು ಕರಾರಿನ ಪ್ರಶ್ನೆಯನ್ನೇ ಎತ್ತಿಕೊಂಡರು. ನಾವೊಕಿ ಪ್ರಶಸ್ತಿ ಪಡೆದ ಅಸಾಯಿ ರ್ಯೊ 2015ರಲ್ಲಿ ಬರೆದ 'ಬುದೊಕಾನ್' ಕಾದಂಬರಿಯ ನಾಯಕಿಗೆ ಎರಡು ಆಸೆಗಳು. ತಂಡದೊಡನೆ ಬುದೊಕಾನಿನಲ್ಲಿ ಹಾಡಬೇಕು. ಬಾಲ್ಯದ ಗೆಳೆಯನೂ ಬೇಕು. ಇತರ ಯಾವ ಕಸುಬಿನಲ್ಲೂ ಜತೆಗಿರಬಹುದಾದ ಈ ಎರಡು ಆಸೆಗಳು ಇಲ್ಲಿ ಮಾತ್ರ ಏಕೆ ಶತ್ರುಗಳು? ಕೊಲೆ, ರಕ್ತ ಯಾವುದೂ ಇಲ್ಲದ ಈ ಕಾದಂಬರಿ ಆ ಪ್ರಶ್ನೆಯನ್ನು ಸಮಾಧಾನದಿಂದ ಕೇಳುತ್ತದೆ. ಪುಸ್ತಕ ಹೊರಬಂದ ವರ್ಷವೇ 6.5 ಲಕ್ಷ ಯೆನ್‌ಗಳ ತೀರ್ಪೂ ಬಂದದ್ದು ಕಾಕತಾಳೀಯ.

ಸಾಲಿನಲ್ಲಿ ನಿಂತವನು

ಅಭಿಮಾನಿಯನ್ನು ಬರಿಯ ರಾಕ್ಷಸನಾಗಿ ಚಿತ್ರಿಸುವುದು ಸುಲಭ. ರಾಕ್ಷಸರು ಇಲ್ಲದಿಲ್ಲ. 2014ರ ಮೇ ತಿಂಗಳಲ್ಲಿ ಇವಾತೆ ಪ್ರಾಂತದಲ್ಲಿ ಎಕೆಬಿ 48ರ ಕೈಕುಲುಕುವ ಸಮಾರಂಭಕ್ಕೆ ಗರಗಸ ಹಿಡಿದು ಬಂದವನೊಬ್ಬ ಇಬ್ಬರು ಹುಡುಗಿಯರನ್ನು ಗಾಯಗೊಳಿಸಿದ. ಎರಡು ವರ್ಷದ ಬಳಿಕ, 2016ರ ಮೇಯಲ್ಲಿ, ಟೋಕಿಯೊದ ಕೊಗಾನೆಯಿಯಲ್ಲಿ ಹಾಡಲು ಹೊರಟಿದ್ದ ಇಪ್ಪತ್ತು ವರ್ಷದ ವಿದ್ಯಾರ್ಥಿನಿಯೊಬ್ಬಳನ್ನು ಸಭಾಂಗಣದ ಹೊರಗೇ ಒಬ್ಬ ಚಾಕುವಿನಿಂದ ಇರಿದ. ಅವನು ಕಳಿಸಿದ್ದ ಉಡುಗೊರೆಯನ್ನು ಆಕೆ ಹಿಂದಿರುಗಿಸಿದ್ದಳು. ಪೊಲೀಸರಿಗೆ ಮೊದಲೇ ದೂರನ್ನೂ ಕೊಟ್ಟಿದ್ದಳು. ಸಾವಿನ ದವಡೆಯಿಂದ ಹೊರಬಂದ ಆಕೆ ಗಾಯಕಿ ಮತ್ತು ನಟಿ. ಪತ್ರಿಕೆಗಳು ಮಾತ್ರ 'ಐಡಲ್' ಎಂದೇ ಬರೆದವು. ಆ ಪಟ್ಟ ಕಟ್ಟಿದೊಡನೆ ಇರಿತಕ್ಕೊಂದು ವಿವರಣೆ ಸಿಕ್ಕಂತೆ ಹಲವರು ಮಾತಾಡಿದರೆಂಬುದು ಗಮನಿಸಬೇಕಾದ ಸಂಗತಿ. ಬೆನ್ನಟ್ಟುವವರ ವಿರುದ್ಧದ ಕಾನೂನು 2000ದಿಂದಲೇ ಇದ್ದರೂ ಸಾಮಾಜಿಕ ಜಾಲತಾಣಗಳ ಸಂದೇಶಗಳು ಅದರ ವ್ಯಾಪ್ತಿಗೆ ಬಂದದ್ದು ಈ ಘಟನೆಯ ಬಳಿಕ, ಅದೇ ವರ್ಷದ ಡಿಸೆಂಬರಿನಲ್ಲಿ.

ಆದರೆ ಸಾಲಿನಲ್ಲಿ ನಿಂತವರಲ್ಲಿ ಬಹುಪಾಲು ಜನ ಅಂಥವರಲ್ಲ. ನಿಜಪ್ರೇಮಕ್ಕೆ ಬಿದ್ದವನಿಗೆ ಅವರಲ್ಲೇ 'ಗಾಚಿಕೊಯಿ' ಎಂಬ ಬೇರೆ ಹೆಸರಿದೆ. ಎಂದರೆ ಉಳಿದವರಿಗೆ ಆಟದ ಗೆರೆ ಗೊತ್ತು. ಈ ಸಾಮಾನ್ಯ ಅಭಿಮಾನಿಯ ಬದುಕನ್ನು ನಗುತ್ತ ಹೇಳಿದ ಕಥೆ ಹಿರಾವೊ ಔರಿಯ ಚಿತ್ರಕಥೆ 'ನನ್ನ ಒಷಿ ಬುದೊಕಾನಿಗೆ ಹೋದರೆ ನಾನು ಸಾಯುತ್ತೇನೆ'. 2015ರಲ್ಲಿ ಆರಂಭವಾದ ಈ ಕಥೆ ನಡೆಯುವುದು ಟೋಕಿಯೊದಲ್ಲಲ್ಲ, ಓಕಯಾಮಾ ಎಂಬ ಊರಿನಲ್ಲಿ. ಎರಿಪಿಯೊ ಎಂಬ ಯುವತಿ ಬ್ರೆಡ್ ಕಾರ್ಖಾನೆಯಲ್ಲಿ ದುಡಿದದ್ದನ್ನೆಲ್ಲ ಸಿ.ಡಿ.ಗಳಿಗೆ ಸುರಿದು, ಹಾಕಿಕೊಳ್ಳಲು ಬೇರೆ ಬಟ್ಟೆಯಿಲ್ಲದೆ ಹೈಸ್ಕೂಲಿನ ಕೆಂಪು ಆಟದುಡುಪಿನಲ್ಲೇ ತಿರುಗುತ್ತಾಳೆ. ಆಕೆಯ ಒಷಿ ತಂಡದಲ್ಲೇ ಅತಿ ಕಡಿಮೆ ಜನಪ್ರಿಯಳು, ಮಹಾ ಸಂಕೋಚದವಳು. ಈಕೆಯ ಅಬ್ಬರಕ್ಕೆ ಹೆದರಿ ಉಳಿದವರು ಆ ಹುಡುಗಿಯ ಸಾಲಿಗೇ ಬರುವುದಿಲ್ಲ! ಅಭಿಮಾನಿ ಹೆಣ್ಣಾಗಿರುವುದರಿಂದ ಕಥೆಗೆ ಬೇರೊಂದು ಹದ ಬಂದಿದೆ. ಒಬ್ಬರ ಏಳಿಗೆಯನ್ನು ಇನ್ನೊಬ್ಬರು ಸುಮ್ಮನೆ ಬಯಸುವುದು ಸಾಧ್ಯ ಎಂಬ ಅದರ ನಂಬಿಕೆ ಓದುಗನನ್ನು ನಗಿಸುತ್ತಲೇ ಮುಟ್ಟುತ್ತದೆ.

2020ರಿಂದ 2024ರವರೆಗೆ ಯುವಕರ ವಾರಪತ್ರಿಕೆಯೊಂದರಲ್ಲಿ ಬಂದ 'ಒಷಿ ನೊ ಕೊ' ಇದಕ್ಕೆ ತೀರ ವಿರುದ್ಧ. ಗುಟ್ಟಾಗಿ ತಾಯಿಯಾದ ತಾರೆ, ದೊಡ್ಡ ಪ್ರದರ್ಶನದ ದಿನವೇ ಅಭಿಮಾನಿಯ ಚಾಕುವಿಗೆ ಬಲಿಯಾಗುವುದು ಅದರ ಆರಂಭ. ಸುಳ್ಳನ್ನೇ ಪ್ರೀತಿಯೆಂದು ಹಂಚುವ ಕಸುಬು ಇದು ಎಂದು ಅದು ಮುಚ್ಚುಮರೆಯಿಲ್ಲದೆ ಹೇಳುತ್ತದೆ. ಮೊದಲ ಭಾಗದ ಬಿಗಿ ಮುಂದೆ ಉಳಿಯಲಿಲ್ಲವೆನ್ನುವವರು ಇದ್ದಾರೆ, ಅದರಲ್ಲಿ ಹುರುಳೂ ಇದೆ.

ಅಭಿಮಾನಿಯ ಒಳಗನ್ನು ಅತಿ ಆಳವಾಗಿ ತೆರೆದು ತೋರಿಸಿದವಳು ಮಾತ್ರ ಉಸಾಮಿ ರಿನ್. 2020ರಲ್ಲಿ ಪ್ರಕಟವಾದ ಆಕೆಯ ಕಿರುಕಾದಂಬರಿ 'ಒಷಿ, ಮೊಯು'ಗೆ, ಎಂದರೆ 'ಒಷಿ ಉರಿಯುತ್ತಿದ್ದಾನೆ'ಗೆ, 2021ರ ಜನವರಿಯಲ್ಲಿ ಅಕುತಾಗಾವಾ ಪ್ರಶಸ್ತಿ ಬಂದಾಗ ಲೇಖಕಿಗೆ ಇಪ್ಪತ್ತೊಂದು ವರ್ಷ. ಇಲ್ಲಿಯ ಐಡಲ್ ನೆಲಮಾಳಿಗೆಯವನಲ್ಲ, ಹೆಸರು ಮಾಡಿದ ತಂಡದ ಯುವಕ. ಅವನು ಅಭಿಮಾನಿಯೊಬ್ಬಳಿಗೆ ಹೊಡೆದನೆಂಬ ಸುದ್ದಿಯಿಂದ ಕಥೆ ಶುರು. ಶಾಲೆ, ಮನೆ, ಹೋಟೆಲಿನ ಅರೆಕಾಲಿಕ ಕೆಲಸ ಯಾವುದೂ ಕೈಗೆ ಹತ್ತದ ಅಕಾರಿ ಎಂಬ ಹುಡುಗಿಗೆ ಅವನನ್ನು ಬೆಂಬಲಿಸುವುದೊಂದೇ ಗೊತ್ತಿರುವ ಕೆಲಸ. ಅವನೊಡನೆ ಮಾತಾಡಬೇಕೆಂಬ ಆಸೆ ಕೂಡ ಆಕೆಗಿಲ್ಲ. ಅವನು ಆಡಿದ ಪ್ರತಿ ಮಾತನ್ನೂ ಬರೆದಿಟ್ಟು ಅವನನ್ನು ಅರ್ಥ ಮಾಡಿಕೊಳ್ಳಲು ಹೆಣಗುತ್ತಾಳೆ. ಕೊನೆಗೆ ಅವನು ವೇದಿಕೆ ಬಿಟ್ಟು ಹೋಗುತ್ತಾನೆ. ಅವನ ಮನೆಯಿದೆಯೆನ್ನುವ ಕಟ್ಟಡದ ಕೆಳಗೆ ನಿಂತು ಅಕಾರಿ ಮೇಲೆ ನೋಡಿದರೆ ಮೊಗಸಾಲೆಯಲ್ಲಿ ಬಟ್ಟೆಯ ರಾಶಿ ಹಿಡಿದ ಒಬ್ಬ ಹೆಂಗಸು. ವಿಗ್ರಹಕ್ಕೂ ಒಗೆಯುವ ಬಟ್ಟೆಗಳಿವೆ! ಮನೆಗೆ ಬಂದ ಹುಡುಗಿ ಕಿವಿ ಒರೆಸುವ ಹತ್ತಿಕಡ್ಡಿಗಳ ಡಬ್ಬಿಯನ್ನು ನೆಲಕ್ಕೆಸೆಯುತ್ತಾಳೆ. ಆಮೇಲೆ, ಚಿತೆಯಿಂದ ಮೂಳೆ ಆಯುವವಳಂತೆ, ಮೊಣಕಾಲೂರಿ ಒಂದೊಂದಾಗಿ ಆಯುತ್ತಾಳೆ.

ಅದೇ 2021ರಲ್ಲಿ 'ಒಷಿಕತ್ಸು', ಎಂದರೆ ಒಷಿಯ ಸಲುವಾಗಿ ಮಾಡುವ ಚಟುವಟಿಕೆಗಳೆಲ್ಲ, ವರ್ಷದ ಹೊಸ ಪದಗಳ ಪಟ್ಟಿಯಲ್ಲಿ ಸೇರಿತು. ನೆಲಮಾಳಿಗೆಯ ಮಾತು ಮೇಲಿನ ಬೀದಿಗೆ ಬಂದಿತ್ತು. ಕೊರೊನಾ ಹಾವಳಿಯಲ್ಲಿ ಸಣ್ಣ ಸಭಾಂಗಣಗಳು ಬಾಗಿಲು ಮುಚ್ಚಿದಾಗ ಹುಡುಗಿಯರು ಪರದೆಯ ಮೇಲೆ ಮಾತಾಡಿ ಸಹಿ ಹಾಕಿದ ಚೆಕಿಗಳನ್ನು ಅಂಚೆಯಲ್ಲಿ ಕಳಿಸಿದರು. ಬಾಗಿಲು ತೆರೆದ ಮೇಲೆ ಸಾಲುಗಳು ಮತ್ತೆ ಬೆಳೆದವು. ತಲೆ ಬೋಳಿಸಿಕೊಂಡ ಮಿನೆಗಿಷಿ 2021ರ ಮೇವರೆಗೆ ತಂಡದಲ್ಲೇ ಇದ್ದು, ತನ್ನದೇ ಬೀಳ್ಕೊಡುಗೆಯ ಪ್ರದರ್ಶನ ಮಾಡಿ ಹೊರಬಂದಳು.

ಪ್ರೀತಿಸಿದ್ದಕ್ಕಾಗಿ ತನ್ನ ಸಂಸ್ಥೆಯಿಂದಲೇ ದಾವೆ ಎದುರಿಸುವ ಐಡಲ್ ಒಬ್ಬಳ ಕಥೆಯನ್ನು ನಿರ್ದೇಶಕ ಫುಕಾದಾ ಕೊಜಿ ಈಚೆಗೆ ಚಿತ್ರವಾಗಿಸಿದ್ದಾನೆ. ಹೆಸರು 'ರೆನ್‌ಆಯಿ ಸಾಯಿಬಾನ್', ಪ್ರೀತಿಯ ವಿಚಾರಣೆ. 2025ರ ಮೇಯಲ್ಲಿ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದ ಈ ಚಿತ್ರದ ಬೀಜ ಸಿಕ್ಕಿದ್ದು ಇಂಥ ದಾವೆಯೊಂದರ ಪತ್ರಿಕಾ ವರದಿಯಿಂದ. ನಾಯಕಿಯ ಪಾತ್ರ ಮಾಡಿದ ಸಾಯಿತೊ ಕ್ಯೊಕೊ ಅದಕ್ಕೆ ಮೊದಲು ಹಿನಾತಾಜಾಕಾ 46 ಎಂಬ ತಂಡದಲ್ಲಿ ವರ್ಷಗಳ ಕಾಲ ಐಡಲ್ ಆಗಿ ಹಾಡಿದವಳು.